ಕ್ಯಾಮೆರಾ ಯಾರ ಮುಖಕ್ಕೆ?

ಬಣ್ಣಾರಿಯಿಂದ ಇಪ್ಪತ್ತೇಳು ಹೇರ್‌ಪಿನ್ ತಿರುವು ಹತ್ತಿದರೆ ದಿಂಬಂ. ಅಲ್ಲಿಂದ ಎಡಕ್ಕೆ ಹೊರಳಿದರೆ ತಾಳಮಲೆಯ ಕಾಡು, ಅದರಾಚೆ ತಾಳವಾಡಿ. ಕಾಗದದ ಮೇಲೆ ಈರೋಡು ಜಿಲ್ಲೆ, ಮನೆಯೊಳಗೆ ಕನ್ನಡ, ಕಾಯಿಲೆ ಬಿದ್ದರೆ ಚಾಮರಾಜನಗರವೋ ಮೈಸೂರೋ. ಟೀವಿ ಹಾಕಿದರೆ ತಮಿಳು, ಕನ್ನಡ ಎರಡೂ ಭಾಷೆಯ ನಗು ಬರುತ್ತದೆ. ಹಾಗಾಗಿ ತಮಿಳು ಹಾಸ್ಯಗಾರ ಕೆಪಿವೈ ಬಾಲ ಈ ಕಡೆಯವರಿಗೆ ಹೊರಗಿನವರಲ್ಲ.

ಕಾರೈಕಾಲಿನ ಈ ತರುಣ ವಿಜಯ್ ಟೀವಿಯ ‘ಕಲಕ್ಕಪೋವದು ಯಾರು’ ಹಾಸ್ಯ ಸ್ಪರ್ಧೆಯಿಂದ ಹೆಸರಾದವರು. ‘ಕುಕ್ಕು ವಿತ್ ಕೋಮಾಳಿ’ಯಲ್ಲಿ ಕೋಡಂಗಿಯಾಗಿ ನಿಂತು ಮನೆಮನೆಯನ್ನೂ ನಗಿಸಿದರು. ದುಡಿದ ದುಡ್ಡನ್ನು ಆಮೇಲೆ ಕೊಡಲು ಶುರುಮಾಡಿದರು. 2023ರಲ್ಲಿ ಈರೋಡು ಜಿಲ್ಲೆಯ ಬೆಟ್ಟದ ಹಳ್ಳಿಗಳಿಗೆ ಒಂದು ಆಂಬುಲೆನ್ಸ್ ಕೊಟ್ಟರು. ಅದೇ ಡಿಸೆಂಬರಿನಲ್ಲಿ ಮಿಚಾಂಗ್ ಚಂಡಮಾರುತ ಚೆನ್ನೈಯನ್ನು ಮುಳುಗಿಸಿದಾಗ ನೀರು ನಿಂತ ಬೀದಿಗಳಲ್ಲಿ ಓಡಾಡಿ ಕುಟುಂಬಗಳ ಕೈಗೆ ಹಣವಿಟ್ಟರು.

ಬೆಟ್ಟದ ಮೇಲೆ ಆಂಬುಲೆನ್ಸ್ ಅಂದರೆ ಏನೆಂಬುದು ಬಯಲಿನವರಿಗೆ ಸುಲಭವಾಗಿ ತಿಳಿಯುವುದಿಲ್ಲ. ರಸ್ತೆ ಮುಗಿದ ಕಡೆ ಗಳಕ್ಕೆ ಬಟ್ಟೆ ಕಟ್ಟಿ, ತುಂಬಿದ ಬಸುರಿಯನ್ನು ಅದರಲ್ಲಿ ಮಲಗಿಸಿ ಹೆಗಲ ಮೇಲೆ ಹೊತ್ತು ತರಬೇಕು. ಹೊತ್ತು ಮುಳುಗಿದ ಮೇಲೆ ದಾರಿ ಆನೆಯದು. ಆ ರಸ್ತೆ, ಆ ವಾಹನ ಎರಡೂ ಸರ್ಕಾರದ ಹೊಣೆ. ಹಾಸ್ಯಗಾರನೊಬ್ಬ ಕೊಟ್ಟ ಮಾತ್ರಕ್ಕೆ ಆ ಹೊಣೆ ತೀರುವುದಿಲ್ಲ. ಹಾಗಂತ ಸರ್ಕಾರ ಬರಲಿ ಎಂದು ನೋವು ಕಾಯುವುದೂ ಇಲ್ಲ.

ಬಾಲ ಅವರ ಬಗ್ಗೆ ಪದೇ ಪದೇ ಕೇಳಿಬರುವ ಒಂದು ಆಕ್ಷೇಪ: ಕೊಡುವುದಕ್ಕೆ ಕ್ಯಾಮೆರಾ ಯಾಕೆ? ಡಾ. ರಾಜ್‌ಕುಮಾರ್ ಅವರ ಊರು ಗಾಜನೂರು ಇರುವುದು ಇದೇ ತಾಳವಾಡಿ ಸೀಮೆಯಲ್ಲಿ. ಅಲ್ಲಿ ಈ ಪ್ರಶ್ನೆಗೆ ತೂಕ ಹೆಚ್ಚು. ಆ ಮನೆಯ ಮಗ ಪುನೀತ್ ರಾಜ್‌ಕುಮಾರ್ ಕೊಟ್ಟದ್ದರಲ್ಲಿ ಬಹುಪಾಲು ಜನಕ್ಕೆ ತಿಳಿದದ್ದು ಅವರು ಹೋದ ಮೇಲೆ. ಬಲಗೈ ಕೊಟ್ಟದ್ದು ಎಡಗೈಗೆ ತಿಳಿಯಬಾರದು ಎಂಬ ಮಾತಿಗೆ ಕನ್ನಡಿಗರು ಇಂದಿಗೂ ಅವರನ್ನೇ ತೋರಿಸುತ್ತಾರೆ.

ಆದರೆ ಅದೇ ಮನೆ ಇದಕ್ಕೆ ಇನ್ನೊಂದು ಉತ್ತರವನ್ನೂ ಕೊಟ್ಟಿದೆ. ಡಾ. ರಾಜ್‌ಕುಮಾರ್ 1994ರಲ್ಲಿ ಬೆಂಗಳೂರಿನ ನಾರಾಯಣ ನೇತ್ರಾಲಯದಲ್ಲಿ ನೇತ್ರ ಬ್ಯಾಂಕ್ ಉದ್ಘಾಟಿಸಿದಾಗ, ತಮ್ಮ ಕಣ್ಣು ಕೊಡುತ್ತೇನೆಂದು ಎಲ್ಲರೆದುರೇ ಹೇಳಿದರು. ಅದನ್ನು ಗುಟ್ಟಾಗಿಟ್ಟಿದ್ದರೆ ಎರಡು ಕಣ್ಣು ಮಾತ್ರ ಸಿಗುತ್ತಿದ್ದವು. ಹೇಳಿದ್ದರಿಂದ ಅದೊಂದು ವಾಡಿಕೆಯಾಯಿತು. 2006ರ ಏಪ್ರಿಲ್ 12ರಂದು ತೀರಿಕೊಂಡಾಗ ಅವರು ಮಾತು ಉಳಿಸಿಕೊಂಡರು. 2021ರ ಅಕ್ಟೋಬರ್ 29ರಂದು, 46ನೇ ವಯಸ್ಸಿನಲ್ಲಿ ತೀರಿಕೊಂಡ ಮಗನ ಕಣ್ಣುಗಳು ನಾಲ್ವರಿಗೆ ಬೆಳಕಾದವು. ಆಮೇಲೆ ಕಣ್ಣು ಕೊಡುತ್ತೇವೆಂದು ಹೆಸರು ಬರೆಸಲು ಜನ ಸಾಲುಗಟ್ಟಿದರು. ಹಾಗಾದರೆ ತೋರಿಸಿ ಕೊಡುವುದೇ ತಪ್ಪು ಎನ್ನುವುದು ಹೇಗೆ? ಒಂದು ದಾನ ಇನ್ನೊಂದನ್ನು ಹುಟ್ಟಿಸಬೇಕಾದರೆ ಅದು ಯಾರ ಕಣ್ಣಿಗಾದರೂ ಬೀಳಲೇಬೇಕು.

ಆ ನಾಲ್ವರ ಹೆಸರು ನಾಡಿಗೆ ಗೊತ್ತಿಲ್ಲ. ಕೊಟ್ಟವರ ಹೆಸರು ಎಲ್ಲರಿಗೂ ಗೊತ್ತು, ಪಡೆದವರ ಹೆಸರು ಆಸ್ಪತ್ರೆಯ ಕಡತದೊಳಗಿದೆ. ನನ್ನ ಮಟ್ಟಿಗೆ ನ್ಯಾಯ ಇರುವುದು ಇಲ್ಲಿ. ಕೊಡುವವನು ಕಾಣಿಸಿಕೊಳ್ಳಲಿ, ಹೊಗಳಿಕೆಯೂ ಸಿಗಲಿ. ಪಡೆಯುವವರ ಮುಖ ಮಾತ್ರ ಅವರದಾಗಿಯೇ ಉಳಿಯಬೇಕು.

ಈ ಅಳತೆಯಲ್ಲಿ ಬಾಲ ಅವರ ಆಂಬುಲೆನ್ಸ್ ದೊಡ್ಡ ದಾನ. ಅದರಲ್ಲಿ ನಾಳೆ ಯಾರು ಮಲಗುತ್ತಾರೋ ಇವತ್ತಿನ ವಿಡಿಯೊಗೆ ಗೊತ್ತಿಲ್ಲ. ಪೆಟ್ರೋಲ್ ಬಂಕಿನಲ್ಲಿ ದುಡಿಯುವವನೊಬ್ಬನಿಗೆ ಅವರು ಬೈಕ್ ಕೊಟ್ಟದ್ದೂ ಒಳ್ಳೆಯ ಮನಸ್ಸಿನಿಂದಲೇ. ಆದರೆ ಕೊಡುವಾಗ ತೆಗೆದ ವಿಡಿಯೊ ನನಗೆ ಒಪ್ಪಿಗೆಯಾಗಲಿಲ್ಲ. ಅವನಿಗೆ ಖುಷಿಯಾಗಿರಬಹುದು, ಆದರೆ ಬೈಕಿನ ಕೀ ಕೈಗೆ ಬಂದ ಗಳಿಗೆಯಲ್ಲಿ ‘ಅಣ್ಣಾ, ವಿಡಿಯೊ ಬೇಡ’ ಎನ್ನುವ ಬಾಯಿ ಎಷ್ಟು ಜನಕ್ಕಿದ್ದೀತು?

ನೂರಾರು ಕಣ್ಣು ತನ್ನೊಬ್ಬನ ಮೇಲೆ ನೆಟ್ಟಾಗ ಮೈ ಹೇಗೆ ಬಿಗಿಯುತ್ತದೆ ಎಂಬುದು ಹಾಸ್ಯಗಾರನಿಗೆ ಗೊತ್ತಿದ್ದಷ್ಟು ಬೇರೆಯವರಿಗೆ ಗೊತ್ತಿಲ್ಲ. ಅವನು ಅದನ್ನು ತಾನಾಗಿ ಒಪ್ಪಿಕೊಂಡವನು, ಅದಕ್ಕೆ ಕೂಲಿಯನ್ನೂ ಪಡೆದವನು. ಬಡವ ಒಪ್ಪಿಕೊಂಡವನಲ್ಲ. ಬೇರೆ ದಾನಿಗಳಿಗಿಂತ ಹಾಸ್ಯಗಾರನಿಂದ ನಾನು ಹೆಚ್ಚು ಸೂಕ್ಷ್ಮ ಬಯಸುವುದು ಇದಕ್ಕೇ.

ಈ ಸೂಕ್ಷ್ಮ ನಮ್ಮ ನೆಲಕ್ಕೆ ಹೊಸದಲ್ಲ. ಮಲೆ ಮಹದೇಶ್ವರ ಬೆಟ್ಟದ ದಾಸೋಹದಲ್ಲಿ ಹಸಿದು ಬಂದ ಕೂಲಿಯವನೂ ಹರಕೆ ಹೊತ್ತು ಬಂದ ಸಾಹುಕಾರನೂ ಒಂದೇ ಸಾಲಿನಲ್ಲಿ ಕೂರುತ್ತಾರೆ. ಯಾರಿಗೆ ಗತಿಯಿಲ್ಲ, ಯಾರಿಗೆ ಭಕ್ತಿ ಎಂದು ಬಡಿಸುವವನು ಕೇಳುವುದಿಲ್ಲ. ಎಲ್ಲರೂ ಉಣ್ಣುವ ಕಡೆ ಬಡವನ ಮುಖ ಬೇರೆಯಾಗಿ ಕಾಣುವುದಿಲ್ಲ.

ಬಾಲ ಇನ್ನೂ ಚಿಕ್ಕ ವಯಸ್ಸಿನವರು. 2025ರಲ್ಲಿ ‘ಗಾಂಧಿ ಕಣ್ಣಾಡಿ’ ಚಿತ್ರದಿಂದ ನಾಯಕನಟರೂ ಆದರು. ಅವರು ಇನ್ನೂ ಕೊಡಲಿ, ನಾಲ್ಕು ಜನ ನೋಡುವ ಹಾಗೆಯೇ ಕೊಡಲಿ. ಓದುವವರಲ್ಲಿ ನನ್ನದು ಒಂದು ಕೋರಿಕೆ: ಇಂಥ ವಿಡಿಯೊ ನಿಮ್ಮ ಫೋನಿಗೆ ಬಂದಾಗ ಪಡೆದವರ ಮುಖ ಕಾಣುತ್ತಿದ್ದರೆ, ದಯವಿಟ್ಟು ಅದನ್ನು ಮುಂದಕ್ಕೆ ಕಳಿಸಬೇಡಿ.