ಮಂಥರೆಯ ಅಪರಾಧ

ಲೋಕಕಲ್ಯಾಣಕ್ಕೆ ಕಾರಣವಾದ ದುಷ್ಕೃತ್ಯವು ದುಷ್ಕೃತ್ಯವಾಗಿಯೇ ಉಳಿಯುವುದೋ ಅಥವಾ ಫಲದ ಮಹಿಮೆಯಿಂದ ಪರಿಶುದ್ಧವಾಗಿಬಿಡುವುದೋ ಎಂಬ ಸಂಶಯವು ಮಂಥರೆಯ ವಿಷಯದಲ್ಲಿ ನಮ್ಮ ಪ್ರಾಚೀನರನ್ನು ಬಹುವಾಗಿ ಕಾಡಿದಂತೆ ತೋರುತ್ತದೆ. ಆಕೆ ಕೈಕೇಯಿಯ ಕಿವಿಯೂದದಿದ್ದರೆ ವನವಾಸವಿಲ್ಲ, ವನವಾಸವಿಲ್ಲದೆ ರಾವಣವಧೆಯಿಲ್ಲ. ಆದಕಾರಣ ಮಹಾಭಾರತದ ರಾಮೋಪಾಖ್ಯಾನವು ಅವಳನ್ನು ಬ್ರಹ್ಮನ ಆಜ್ಞೆಯಿಂದ ಭೂಮಿಗಿಳಿದ ದುಂದುಭಿಯೆಂಬ ಗಂಧರ್ವಿಯೆಂದಿತು; ಅಧ್ಯಾತ್ಮರಾಮಾಯಣವು ದೇವತೆಗಳ ಪ್ರೇರಣೆಯಿಂದ ಸರಸ್ವತಿಯೇ ಅವಳೊಳಗೆ ಹೊಕ್ಕಳೆಂದಿತು. ಈ ಸಮಾಧಾನವು ನನ್ನ ಮನಸ್ಸಿಗೆ ಎಂದೂ ಒಗ್ಗಿದುದಿಲ್ಲ. ಮಂಥರೆಯ ಪಾತ್ರವನ್ನು ವಹಿಸಿದ ಒಬ್ಬ ನಟಿಯ ಬಾಳನ್ನು ನೆನೆದಾಗಲಂತೂ ಅದು ಮತ್ತಷ್ಟು ಸಂದೇಹಾಸ್ಪದವಾಗಿ ಕಾಣುತ್ತದೆ.

1916ರಲ್ಲಿ ನಾಸಿಕ ಜಿಲ್ಲೆಯ ಯೇವಲೆಯಲ್ಲಿ ಹುಟ್ಟಿ, ಮೂಕಿಚಿತ್ರಗಳ ಕಾಲದಲ್ಲಿಯೇ ಬಾಲನಟಿಯಾಗಿ ಬೆಳ್ಳಿತೆರೆಗೆ ಬಂದು, ಯೌವನದಲ್ಲಿ ನಾಯಿಕೆಯೆಂದು ಹೆಸರಾದ ಲಲಿತಾ ಪವಾರ್, 1942ರ ‘ಜಂಗ್-ಎ-ಆಜಾದಿ’ ಚಿತ್ರದ ಸಂದರ್ಭದಲ್ಲಿ, ಸಹನಟನೊಬ್ಬನು ಅಭಿನಯದ ಮಿತಿ ಮೀರಿ ಕೊಟ್ಟ ಕಪಾಳದೇಟಿನಿಂದ ಮುಖದ ಪಾರ್ಶ್ವವಾಯುವಿಗೆ ತುತ್ತಾದರು. ಮೂರು ವರ್ಷ ಚಿಕಿತ್ಸೆ ನಡೆಯಿತು. ಎಡಗಣ್ಣು ಮಾತ್ರ ಮೊದಲಿನಂತಾಗಲಿಲ್ಲ. ನಾಯಿಕೆಯ ಪಾತ್ರಗಳು ಅಲ್ಲಿಗೆ ಮುಗಿದುವು. ಅತ್ತೆ, ಮಲತಾಯಿ, ಕುಟಿಲಸ್ತ್ರೀ ಮುಂತಾದ ಪಾತ್ರಗಳು ಬಂದುವು. ಆ ಏಟು ಬೀಳದೆ ಇದ್ದಿದ್ದರೆ ಇಂಥ ಪೋಷಕನಟಿ ದೊರೆಯುತ್ತಿರಲಿಲ್ಲವೆಂದೂ ಎಲ್ಲವೂ ದೈವಸಂಕಲ್ಪವೆಂದೂ ಹೇಳುವವರು ತಮಗರಿವಿಲ್ಲದೆಯೇ ಅಧ್ಯಾತ್ಮರಾಮಾಯಣಕಾರನ ತರ್ಕವನ್ನೇ ಹೂಡುತ್ತಿದ್ದಾರೆ. ಏಟು ಕೊಟ್ಟದ್ದು ನೋವನ್ನು ಮತ್ತು ಒಂದು ಸಣ್ಣಗಣ್ಣನ್ನು, ಅಷ್ಟೆ. ‘ಶ್ರೀ 420’ರ ಬಾಳೆಹಣ್ಣು ಮಾರುವ ಗಂಗಾಮಾಯಿಯಲ್ಲಿಯೂ, 1959ರ ‘ಅನಾಡಿ’ಯಲ್ಲಿ ಬಾಯಲ್ಲಿ ಬೈಗುಳ, ಎದೆಯಲ್ಲಿ ವಾತ್ಸಲ್ಯ ತುಂಬಿಕೊಂಡ ಶ್ರೀಮತಿ ಡಿಸಾ ಎಂಬ ಮನೆಯೊಡತಿಯಲ್ಲಿಯೂ ಇರುವುದು ಅದೇ ಕಣ್ಣು. ಫಿಲಂಫೇರ್ ಪ್ರಶಸ್ತಿ ಬಂದುದು ಈ ಒಡತಿಗೆ, ಯಾವ ದುಷ್ಟ ಅತ್ತೆಗೂ ಅಲ್ಲ. ವಿಧಿಯು ಮುಖದಮೇಲೆ ಕ್ರೌರ್ಯವನ್ನು ಬರೆದಿತ್ತೆಂದರೆ ಈ ಮಮತೆ ಎಲ್ಲಿಂದ ಒಸರಿತು?

1987ರಲ್ಲಿ ರಾಮಾನಂದ ಸಾಗರರ ‘ರಾಮಾಯಣ’ವು ದೂರದರ್ಶನದಲ್ಲಿ ಪ್ರಾರಂಭವಾದಾಗ, ಅದರಲ್ಲಿ ಮಂಥರೆಯಾದ ಲಲಿತಾ ಪವಾರರಿಗೆ ಎಪ್ಪತ್ತು ಮೀರಿತ್ತು. ಭಾನುವಾರದ ಬೆಳಗ್ಗೆ ಬೀದಿಗಳು ಬರಿದಾಗುತ್ತಿದ್ದುವು; ಮಿಂದು ಮಡಿಯುಟ್ಟು ಟೀವಿ ಪೆಟ್ಟಿಗೆಗೆ ಹೂಮಾಲೆ ಹಾಕಿ ಕುಳಿತವರಿದ್ದರು. ರಾಮನಿಗೆ ಕೈಮುಗಿದವರು ಮಂಥರೆಯನ್ನು ಶಪಿಸದೆ ಬಿಟ್ಟಾರೆಯೆ? ರಸದ ಆಶ್ರಯವು ಸಹೃದಯನೇ ಹೊರತು ನಟನಲ್ಲವೆಂಬ ಅಭಿನವಗುಪ್ತನ ವಿಚಾರವನ್ನು ಅಂಥ ಹೊತ್ತಿನಲ್ಲಿ ನೆನೆಯುವವರಾರು! ಆದರೆ ನಾನು ಕಂಡಂತೆ ಆ ಮಂಥರೆಯಲ್ಲಿ ಪರಪ್ರೇರಿತಳಾದ ಗೊಂಬೆಯ ಲಕ್ಷಣವಾವುದೂ ಇರಲಿಲ್ಲ. ತಾನು ಎತ್ತಿ ಆಡಿಸಿದ ಕೈಕೇಯಿಗೆ ತನ್ನಷ್ಟು ಹಿತೈಷಿಗಳು ಅರಮನೆಯಲ್ಲಿ ಮತ್ತಾರೂ ಇಲ್ಲವೆಂದು ನಿಶ್ಚಯವಾಗಿ ನಂಬಿದ ಮುದುಕಿ ಆಕೆ. ಅವಳ ವಿಷವೆಲ್ಲ ಆ ನಂಬಿಕೆಯಲ್ಲಿಯೇ ಇತ್ತು.

ಕುವೆಂಪು ಅವರು ‘ಶ್ರೀ ರಾಮಾಯಣ ದರ್ಶನಂ’ನಲ್ಲಿ ಮಂಥರೆಗೆ ಭರತನಮೇಲಣ ಕುರುಡು ಮಮತೆಯನ್ನು ಕೊಟ್ಟಾಗ ಅವಳ ಅಪರಾಧವನ್ನು ಅವಳಿಂದ ಕಸಿಯಲಿಲ್ಲ, ಅಪರಾಧಕ್ಕೊಂದು ಹೃದಯವನ್ನು ಕೊಟ್ಟರು. ದೇವತೆಗಳನ್ನು ನಡುವೆ ತಂದು ಅವಳನ್ನು ಬಿಡಿಸಿದವರಾದರೋ ಪಾಪದೊಡನೆ ಅವಳ ಮನುಷ್ಯತ್ವವನ್ನೂ ತೊಳೆದುಬಿಟ್ಟರು. ಆದಿಕವಿಗೆ ಈ ಆತುರವಿರಲಿಲ್ಲ. ವಾಲ್ಮೀಕಿಯಲ್ಲಿ ಶತ್ರುಘ್ನನು ಕುಬ್ಜೆಯನ್ನು ನೆಲದಮೇಲೆ ದರದರನೆ ಎಳೆಯುತ್ತಿರುವಾಗ ಅಡ್ಡಬರುವ ಭರತನು ಸ್ತ್ರೀಯರು ಅವಧ್ಯರೆಂದು ನೆನಪಿಸುತ್ತಾನೆ, ಇವಳನ್ನು ಕೊಂದೆವೆಂದು ತಿಳಿದರೆ ರಾಮನು ನಮ್ಮೊಡನೆ ಮಾತನಾಡಲಾರನೆನ್ನುತ್ತಾನೆ, ಕ್ಷಮಿಸೆನ್ನುತ್ತಾನೆ. ಅವಳು ನಿರಪರಾಧಿನಿಯೆಂದು ಮಾತ್ರ ಹೇಳುವುದಿಲ್ಲ.