ಮತವಿಲ್ಲದ ಸಭೆಯ ಮಾತು

1881ರ ಅಕ್ಟೋಬರ್ 7ರಂದು ಮೈಸೂರಿನಲ್ಲಿ 144 ಮಂದಿ ದಿವಾನರ ಎದುರು ಕುಳಿತರು. ತಾಲ್ಲೂಕುಗಳಿಂದ ಬಂದ ಜಮೀನುಳ್ಳ ರೈತರು, ಜಿಲ್ಲೆಗಳಿಂದ ಬಂದ ದೊಡ್ಡ ವರ್ತಕರು. ದಸರೆಗೆ ಹೇಗೂ ರಾಜಧಾನಿಗೆ ಜನ ಬರುತ್ತಾರೆಂದು ಆ ಹೊತ್ತನ್ನೇ ಆರಿಸಲಾಗಿತ್ತು. ದಿವಾನ್ ಸಿ. ರಂಗಾಚಾರ್ಲು ಬಂದವರ ಮುಂದೆ ಸಂಸ್ಥಾನದ ಆಡಳಿತದ ವರದಿ ಒಪ್ಪಿಸಿದರು. ಮೈಸೂರು ಪ್ರಜಾಪ್ರತಿನಿಧಿ ಸಭೆ ಶುರುವಾದದ್ದು ಹೀಗೆ.

ಸಂಸ್ಥಾನದ ಸ್ಥಿತಿ ಆಗ ಹಬ್ಬ ಮಾಡುವಂತಿರಲಿಲ್ಲ. ಐವತ್ತು ವರ್ಷ ಬ್ರಿಟಿಷ್ ಕಮಿಷನರುಗಳ ಕೈಯಲ್ಲಿದ್ದ ರಾಜ್ಯ ಅದೇ ಮಾರ್ಚ್ 25ರಂದು ಹದಿನೆಂಟರ ಹರೆಯದ ಚಾಮರಾಜೇಂದ್ರ ಒಡೆಯರಿಗೆ ಮರಳಿತ್ತು. 1876–78ರ ಬರ ಊರೂರುಗಳನ್ನೇ ಬರಿದು ಮಾಡಿತ್ತು: 1871ರ ಜನಗಣತಿಯಲ್ಲಿ 50.5 ಲಕ್ಷವಿದ್ದ ಜನ 1881ರಲ್ಲಿ 41.8 ಲಕ್ಷಕ್ಕೆ ಇಳಿದಿದ್ದರು. ಬರದ ಖರ್ಚಿಗೆಂದು ಭಾರತ ಸರ್ಕಾರದಿಂದ ತಂದ 80 ಲಕ್ಷ ರೂಪಾಯಿ ಸಾಲವೂ ತಲೆಯ ಮೇಲಿತ್ತು. ಇಂಥ ಹೊತ್ತಿನಲ್ಲಿ ಜನರನ್ನು ಕರೆದು ಲೆಕ್ಕ ಹೇಳಬೇಕೆಂದು ಒಬ್ಬ ದಿವಾನರಿಗೆ ತೋಚಿದ್ದೇ ದೊಡ್ಡದು.

ಅತಿಯಾಗಿ ಹೊಗಳುವುದೂ ಬೇಡ. ಆ ಸಭೆಗೆ ಕಾನೂನು ಮಾಡುವ ಅಧಿಕಾರವಿರಲಿಲ್ಲ, ಬಜೆಟ್ ತಡೆಯುವ ಅಧಿಕಾರವಿರಲಿಲ್ಲ, ಮತ ಹಾಕುವ ಪದ್ಧತಿಯೂ ಇರಲಿಲ್ಲ. ಸದಸ್ಯರನ್ನು ಜನ ಆರಿಸಿರಲಿಲ್ಲ. 1891ರಲ್ಲಿ ಚುನಾವಣೆ ಬಂದಾಗಲೂ ಮತದಾರನಾಗಲು ಆಸ್ತಿ ಅಥವಾ ಓದು ಬೇಕಿತ್ತು. ಗೇಯುವ ಕೂಲಿಗೂ ಮನೆಯ ಹೆಂಗಸಿಗೂ ಅಲ್ಲಿ ಜಾಗವಿರಲಿಲ್ಲ.

ಸಭೆ ಕರೆದ ಆಗಸ್ಟ್ 25ರ ಆಜ್ಞೆಯ ಧಾಟಿಯೂ ಗಮನಿಸುವಂಥದು. ಸರ್ಕಾರದ ಉದ್ದೇಶಗಳು ಜನರಿಗೆ ಚೆನ್ನಾಗಿ ತಿಳಿಯಲಿ ಎಂಬುದೇ ಅದರಲ್ಲಿ ಮೊದಲು ಬರುತ್ತದೆ. ಆದರೆ ದೂರದ ತಾಲ್ಲೂಕಿನಿಂದ ಬಂದು ದಿವಾನರ ಮುಂದೆ ಕುಳಿತ ರೈತ ಬರೀ ತಲೆಯಾಡಿಸಿ ಹೋಗುತ್ತಾನೆಯೇ? ಒಡೆದ ಕೆರೆ, ಹೆಚ್ಚಾದ ಕಂದಾಯ, ದನ ಮೇಯಿಸಲು ಬಿಡದ ಅರಣ್ಯ ಇಲಾಖೆ, ಎಲ್ಲವನ್ನೂ ತೆಗೆದ. ಹೇಳಲು ಕರೆದವರು ಕೇಳಿಸಿಕೊಳ್ಳಬೇಕಾಯಿತು. ಸಭೆಯ ನಡಾವಳಿ ಅಚ್ಚಾಗುತ್ತಿತ್ತು. ಅಚ್ಚಾದ ಉತ್ತರವನ್ನು ಮುಂದಿನ ದಸರೆಗೆ ಬಂದವನು ಅಧಿಕಾರಿಯ ಮುಂದೆ ಹಿಡಿಯಬಹುದಿತ್ತು.

ಇದರ ಬೆಲೆ ತಿಳಿಯಲು ಪಕ್ಕದ ಪ್ರಾಂತ್ಯಗಳನ್ನು ನೋಡಬೇಕು. ಧಾರವಾಡ, ಬೆಳಗಾವಿಗಳು ಮುಂಬಯಿಗೂ, ಬಳ್ಳಾರಿ, ಮಂಗಳೂರುಗಳು ಮದರಾಸಿಗೂ ಸೇರಿದ್ದವು. 1861ರ ಕಾಯ್ದೆಯಂತೆ ಅಲ್ಲಿ ಶಾಸನ ಪರಿಷತ್ತುಗಳಿದ್ದವು; ಕಾನೂನಿಗೆ ಒಪ್ಪಿಗೆ ಕೊಡುವ ಹಕ್ಕೂ ಅವುಗಳಿಗಿತ್ತು. ಆದರೆ ಗವರ್ನರ್ ನೇಮಿಸಿದ ಆ ಬೆರಳೆಣಿಕೆಯ ಸದಸ್ಯರು ಆಡಳಿತದ ಬಗ್ಗೆ ಪ್ರಶ್ನೆ ಕೇಳುವಂತಿರಲಿಲ್ಲ. ಆ ಹಕ್ಕು, ಬಜೆಟ್ಟಿನ ಮೇಲೆ ಮಾತಾಡುವ ಅವಕಾಶ ಎರಡೂ ಸಿಕ್ಕಿದ್ದು 1892ರ ಕಾಯ್ದೆಯಿಂದ. ಅಲ್ಲಿ ಅಧಿಕಾರವಿತ್ತು, ಬಾಯಿ ಇರಲಿಲ್ಲ; ಮೈಸೂರಿನಲ್ಲಿ ಬಾಯಿ ಇತ್ತು, ಅಧಿಕಾರವಿರಲಿಲ್ಲ.

ಬರೀ ಬಾಯಿಗೆ ಇರುವ ಮಿತಿಯೂ ಬೇಗ ಕಂಡಿತು. ರಂಗಾಚಾರ್ಲು 1883ರ ಜನವರಿಯಲ್ಲೇ ತೀರಿಕೊಂಡರು. ಅವರ ನಂತರ ಬಂದ ಕೆ. ಶೇಷಾದ್ರಿ ಅಯ್ಯರ್ ಹದಿನೆಂಟು ವರ್ಷ ದಿವಾನರಾಗಿದ್ದರು. ಯಾವ ಅರಿಕೆಗೆ ಕಿವಿಗೊಡಬೇಕು, ಯಾವುದನ್ನು ಬದಿಗಿಡಬೇಕು ಎಂಬುದೆಲ್ಲ ದಿವಾನರ ಇಚ್ಛೆಗೇ ಬಿಟ್ಟದ್ದಾಗಿತ್ತು. ಶಾಸನದ ನೆಲೆಗಟ್ಟು ಸಿಗಲು ಈ ಸಭೆ 1923ರ ತನಕ ಕಾಯಬೇಕಾಯಿತು. ಕೇಳುವ ಹಕ್ಕಿನ ಹಿಂದೆ ತಡೆಯುವ ಹಕ್ಕೂ ಇರಬೇಕೆಂಬ ಪಾಠ ನಮ್ಮ ಹಿರಿಯರು ಕಲಿತದ್ದು ಹೀಗೆ ಕಾದು ಕಾದು.

ಈಗ ನಮ್ಮಲ್ಲಿ ಎರಡೂ ಇವೆ. ಪ್ರತಿ ವಯಸ್ಕನಿಗೂ ಮತವಿದೆ. ಶಾಸಕನಿಗೆ ಸರ್ಕಾರವನ್ನೇ ಬೀಳಿಸುವ ಬಲವಿದೆ. ಆದರೂ ಗದ್ದಲದ ನಡುವೆ ಮಸೂದೆಗಳು ಚರ್ಚೆಯಿಲ್ಲದೆ ಪಾಸಾಗುತ್ತವೆ, ಕೋಟ್ಯಂತರ ರೂಪಾಯಿಯ ಬೇಡಿಕೆಗಳಿಗೆ ಧ್ವನಿಮತ ಬೀಳುತ್ತದೆ. ಬಲ ಬಂದ ಮೇಲೆ ಕೇಳುವ ಅಭ್ಯಾಸ ಸಡಿಲಾಯಿತೇನೋ. ಶಾಸಕರು ಊರಿಗೆ ಬಂದಾಗ ರಸ್ತೆಗೆಷ್ಟು ತಂದಿರಿ, ದೇವಸ್ಥಾನಕ್ಕೆಷ್ಟು ಕೊಡುತ್ತೀರಿ ಎಂದು ವಿಚಾರಿಸುತ್ತೇವೆ. ಕಳೆದ ಅಧಿವೇಶನದಲ್ಲಿ ಏನು ಕೇಳಿದಿರಿ, ಮಂತ್ರಿಗಳು ಏನು ಉತ್ತರ ಕೊಟ್ಟರು ಎಂದೂ ವಿಚಾರಿಸೋಣ. ನಾವು ಅದನ್ನು ಕೇಳದಿದ್ದರೆ ಅವರು ಅಲ್ಲಿ ಕೇಳುವುದಿಲ್ಲ.