ಐವತ್ತು ಕುರ್ಚಿ, ಎಂಟುನೂರು ಎಲೆ

ಮದುವೆಯನ್ನು ದೂರದ ರೆಸಾರ್ಟಿನಲ್ಲಿ 50 ಜನರೆದುರು ಮಾಡುವುದೋ, ಊರಿನ ಛತ್ರದಲ್ಲಿ 800 ಎಲೆ ಹಾಕಿಸುವುದೋ ಎಂಬ ಚರ್ಚೆ ಸಾಮಾನ್ಯವಾಗಿ ಖರ್ಚಿನಿಂದ ಶುರುವಾಗುತ್ತದೆ. ಆ ಲೆಕ್ಕ ಬೇಗ ಮುಗಿಯುತ್ತದೆ. ಛತ್ರದಲ್ಲಿ ಎಲೆ ಹೆಚ್ಚಿದಷ್ಟೂ ಹಣ, ರೆಸಾರ್ಟಿನಲ್ಲಿ ಕೋಣೆ ಹೆಚ್ಚಿದಷ್ಟೂ ಹಣ. ಬಂದವರಿಗೆಲ್ಲ ಎರಡು ರಾತ್ರಿ ಕೋಣೆ ಹಿಡಿದ ಮೇಲೆ ಉಳಿತಾಯದ ಮಾತು ತಾನಾಗಿ ತಣ್ಣಗಾಗುತ್ತದೆ. ಆಗ ಉಳಿಯುವುದು ಬೇರೊಂದು ಪ್ರಶ್ನೆ: ಇಬ್ಬರ ಮದುವೆಗೆ ಉಳಿದವರು ಯಾಕೆ ಬೇಕು? ಮೈಸೂರಿನ ಲಷ್ಕರ್ ಮೊಹಲ್ಲಾದ ಮನೆಯೊಂದರಲ್ಲಿ ಅದನ್ನು ಎತ್ತಿಕೊಂಡವರು ಇಬ್ಬರು. ಒಬ್ಬಳು ಕೊಡಗಿನಲ್ಲಿ ರೆಸಾರ್ಟ್ ನೋಡಿಬಂದ ಮದುಮಗಳು. ಇನ್ನೊಬ್ಬ ಅವಳನ್ನು ಮಂಟಪಕ್ಕೆ ಕರೆತರಬೇಕಾದ ಸೋದರಮಾವ.

ಮದುಮಗಳು: 800 ಜನರಲ್ಲಿ ನನ್ನ ಹೆಸರು ಗೊತ್ತಿರುವವರು ನೂರು ಮಂದಿಯೂ ಇರಲ್ಲ ಮಾವ. ಮಿಕ್ಕವರು ಸಾಲಲ್ಲಿ ಬಂದು ಕವರ್ ಕೊಟ್ಟು, ಫೋಟೊಗೆ ನಿಂತು, ಪಂಕ್ತಿಗೆ ಓಡ್ತಾರೆ.

ಮಾವ: ನಿನ್ನ ಹೆಸರು ಗೊತ್ತಿರಲಿಕ್ಕಿಲ್ಲ. ನಿಮ್ಮಪ್ಪನ ಹೆಸರು ಗೊತ್ತು.

ಮದುಮಗಳು: ಹಾಗಾದರೆ ಮದುವೆ ಅಪ್ಪನದು.

ಮಾವ: ಅರ್ಧ.

ಈ 'ಅರ್ಧ'ದ ಹಿಂದಿರುವುದು ಮುಯ್ಯಿ. ಹಳೆ ಮೈಸೂರು ಸೀಮೆಯ ಮದುವೆಗಳಲ್ಲಿ ಯಾರು ಎಷ್ಟು ಮುಯ್ಯಿ ಹಾಕಿದರೆಂದು ನೆಂಟನೊಬ್ಬ ಪುಸ್ತಕ ಹಿಡಿದು ಬರೆದುಕೊಳ್ಳುತ್ತಾನೆ. ಅವರ ಮನೆಯ ಮದುವೆ ಬಂದಾಗ ಅಷ್ಟನ್ನೋ, ತುಸು ಹೆಚ್ಚನ್ನೋ ಹಿಂದಿರುಗಿಸುವುದು ರೂಢಿ. ಒಂದು ಮನೆಯ ಮದುವೆಯ ಭಾರವನ್ನು ಹತ್ತಾರು ಮನೆಗಳು ಸರದಿಯ ಮೇಲೆ ಹೊರುವ, ಬಡ್ಡಿಯಿಲ್ಲದ ಚೀಟಿಯಂಥ ಏರ್ಪಾಡು ಅದು. ಲಗ್ನಪತ್ರಿಕೆಯ ಅಡಿಯಲ್ಲಿ 'ಆಶೀರ್ವಾದವೇ ಉಡುಗೊರೆ' ಎಂದು ಅಚ್ಚು ಹಾಕಿಸುವ ಈ ಕಾಲದಲ್ಲಿ ಹಣ ಬರುವುದು ಕಡಿಮೆಯಾಗಿರಬಹುದು, ಕರೆಯಲೇಬೇಕಾದವರ ಪಟ್ಟಿ ಮಾತ್ರ ಕಿರಿದಾಗಿಲ್ಲ. ಊರು ಬಿಟ್ಟು ಮದುವೆ ಮಾಡುವವರು ಆ ಪುಸ್ತಕವನ್ನು ಏಕಪಕ್ಷೀಯವಾಗಿ ಮುಚ್ಚುತ್ತಾರೆ. ಉಂಡವರು ಅವರು, ಬಡಿಸುವ ಸರದಿಯಲ್ಲಿ ಇಲ್ಲ.

ಮದುಮಗಳು ಇದನ್ನು ತೀರಾ ಸಲೀಸಾಗಿ ಒಪ್ಪಿಕೊಂಡು, ಕಾನೂನಿನ ಕಡೆ ತಿರುಗಿದಳು.

ಮದುಮಗಳು: ಸರಿ, ಮುಯ್ಯಿ ತೀರಿಸೋಣ. ಆದರೆ ಮದುವೆ ಆಗೋಕೆ ಎಷ್ಟು ಜನ ಬೇಕು?

ಮಾವ: ತೀರಾ ಕಡಿಮೆ. 1954ರ ವಿಶೇಷ ವಿವಾಹ ಕಾಯ್ದೆಗೆ ಮೂವರು ಸಾಕ್ಷಿಗಳು ಸಾಕು. 1955ರ ಹಿಂದೂ ವಿವಾಹ ಕಾಯ್ದೆ ನೆಂಟರ ಲೆಕ್ಕವನ್ನೇ ಕೇಳಲ್ಲ. ಸಪ್ತಪದಿ ಇರುವ ಪದ್ಧತಿಯಲ್ಲಿ ಏಳನೇ ಹೆಜ್ಜೆ ಇಟ್ಟರೆ ಮದುವೆ ಪೂರ್ತಿ. ನಮ್ಮ ಅಶೋಕ ರಸ್ತೆಯನ್ನೇ ನೋಡು. ಮಸೀದಿಯ ನಿಕಾಹ್‌ಗೆ ಇಬ್ಬರು ಸಾಕ್ಷಿ. 1933ರಲ್ಲಿ ನಾಲ್ವಡಿಯವರು ಅಡಿಗಲ್ಲು ಹಾಕಿದ ಸಂತ ಫಿಲೋಮಿನಾ ಚರ್ಚಿನಲ್ಲಿ ಪಾದ್ರಿಯ ಜೊತೆಗೆ ಇಬ್ಬರು. ಯಾರೂ 800 ಕೇಳಿಲ್ಲ. ಆದರೆ ಇವರೆಲ್ಲ ಇನ್ನೊಂದು ಕೇಳ್ತಾರೆ, ಅದನ್ನ ನಿನ್ನ ರೆಸಾರ್ಟಿನವರು ಹೇಳಲ್ಲ. ವಿಶೇಷ ವಿವಾಹ ಆಗಬೇಕಾದರೆ ಇಬ್ಬರಲ್ಲಿ ಒಬ್ಬರಾದರೂ ಕನಿಷ್ಠ 30 ದಿನ ವಾಸವಿದ್ದ ಜಿಲ್ಲೆಯಲ್ಲೇ ನೋಟಿಸ್ ಕೊಡಬೇಕು, ಅದು 30 ದಿನ ಎಲ್ಲರ ಕಣ್ಣಿಗೆ ಬೀಳೋ ಹಾಗೆ ಅಂಟಿಸಿರಬೇಕು. ಕ್ಯಾಥೊಲಿಕರಲ್ಲಿ ಮದುವೆಗೆ ಮುಂಚೆ ಗಂಡುಹೆಣ್ಣಿನ ಹೆಸರು ಅವರವರ ಚರ್ಚಿನಲ್ಲಿ ಸಾರಬೇಕು. ತಮ್ಮ ಧರ್ಮಕೇಂದ್ರ ಬಿಟ್ಟು ಬೇರೆ ಕಡೆ ಮಾಡೋದಾದರೆ ಅನುಮತಿ ಬೇಕು. ಮುಸ್ಲಿಮರ ವಲೀಮಾ ಊಟ ಇರೋದೂ ಮದುವೆ ಗುಟ್ಟಾಗಿ ಉಳಿಯಬಾರದು ಅಂತಲೇ. ನಮ್ಮ ಚಪ್ಪರ, ವಾಲಗ ಏನು? ಬೀದಿಗೆ ಹೇಳೋದು. ನೋಡುವವರು ಇಬ್ಬರು ಮೂವರಾದರೂ ಆಗುತ್ತೆ. ಗೊತ್ತಾಗೋದು ಮಾತ್ರ ನೀನು ಬದುಕೋ ಜಾಗದಲ್ಲಿ ಆಗಬೇಕು.

ಚರ್ಚೆಯ ತಿರುಳು ಇಲ್ಲಿದೆ. ದೊಡ್ಡ ಛತ್ರದವರು ಊರಿಗೆ ತಿಳಿಸುವುದನ್ನು ಊರಿಗೆ ಉಣ್ಣಿಸುವುದರೊಡನೆ ಕಲಸಿದ್ದಾರೆ. ದೂರದ ರೆಸಾರ್ಟಿನವರು ಸಾಕ್ಷಿಗಳನ್ನು ಕರೆದೊಯ್ಯುತ್ತಾರೆ, ನೆರೆಹೊರೆಯನ್ನು ಬಿಟ್ಟುಹೋಗುತ್ತಾರೆ; ಡ್ರೋನ್ ಚಿತ್ರ ಸಾವಿರ ಫೋನುಗಳಿಗೆ ಬಂದರೂ ಮುಂದೆ ಗಂಡಹೆಂಡಿರ ಜಗಳದಲ್ಲಿ ಬುದ್ಧಿ ಹೇಳುವ ಹಕ್ಕು ಆ ಫೋನಿನವರಿಗೆ ಹುಟ್ಟುವುದಿಲ್ಲ.

ಮದುಮಗಳು: ಆ ನೋಟಿಸಿನಿಂದಲೇ ಎಷ್ಟು ಜೋಡಿಗಳ ಬದುಕು ಹಾಳಾಗಿದೆ ಮಾವ. ಬೇರೆ ಜಾತಿ, ಬೇರೆ ಧರ್ಮ ಅಂದರೆ 30 ದಿನದಲ್ಲಿ ಮನೆಗೆ ಗುಂಪು ಬರುತ್ತೆ. ಊರಿಗೆ ಗೊತ್ತಾಗಲಿ ಅನ್ನೋರಿಗೆ ಊರಿನ ಭಯ ಇರಲ್ಲ.

ಮಾವ: ಅದು ನಿನ್ನ ಸಂಗತಿ ಅಲ್ಲವಲ್ಲ.

ಮದುಮಗಳು: ನನ್ನದಲ್ಲ ಅಂತ ನಿಮ್ಮ ವಾದ ಗೆಲ್ಲಬೇಕಾ?

ಇದಕ್ಕೆ ಮಾವನ ಬಳಿ ಉತ್ತರವಿರಲಿಲ್ಲ. ಊರಿಗೆ ಹೆದರಿ ದೂರ ಹೋಗುವವರನ್ನೂ ಊರು ಬೇಸರವಾಗಿ ದೂರ ಹೋಗುವವರನ್ನೂ ಒಂದೇ ತಕ್ಕಡಿಗೆ ಹಾಕುವಂತಿಲ್ಲ. ಅವನ ವಾದ ನಿಲ್ಲುವುದು ಎರಡನೆಯವರ ಎದುರು ಮಾತ್ರ. ಅವಳು ಇನ್ನೊಂದು ಉದಾಹರಣೆ ತಂದಳು.

ಮದುಮಗಳು: ಕುವೆಂಪು ಇದೇ ಮೈಸೂರಲ್ಲಿ ಇದ್ದೋರು. ಮಗನ ಮದುವೆಯನ್ನ ಇಲ್ಲಿ ಛತ್ರದಲ್ಲಿ ಮಾಡಿದರಾ?

1966ರಲ್ಲಿ ಕುವೆಂಪು ಅವರ ಮಗ ಪೂರ್ಣಚಂದ್ರ ತೇಜಸ್ವಿ ಮತ್ತು ರಾಜೇಶ್ವರಿ ಅವರ ಮದುವೆ ನಡೆದದ್ದು ಮೂಡಿಗೆರೆ ಕಡೆಯ ಚಿತ್ರಕೂಟ ತೋಟದಲ್ಲಿ. ಪುರೋಹಿತರಿಲ್ಲ, ಮುಹೂರ್ತವಿಲ್ಲ, ವರದಕ್ಷಿಣೆಯಿಲ್ಲ. ಕುವೆಂಪು ರೂಪಿಸಿದ ಮಂತ್ರಮಾಂಗಲ್ಯದ ಕ್ರಮದಲ್ಲಿ ವಧೂವರರು ಪ್ರಮಾಣ ಸ್ವೀಕರಿಸಿದರು. ಹಾಗಿದ್ದರೆ ಅದು ಕನ್ನಡದ ಮೊದಲ ಡೆಸ್ಟಿನೇಷನ್ ಮದುವೆಯೇ?

ಮಾವ: ಅಲ್ಲ. ಅದು ತೇಜಸ್ವಿ ಬೇಸಾಯ ಮಾಡ್ತಿದ್ದ ತೋಟ, ಮದುವೆ ಆದ ಮೇಲೆ ಇಬ್ಬರೂ ಬಾಳಿದ ನೆಲ. ನಿನ್ನ ರೆಸಾರ್ಟಿನಿಂದ ಮೂರನೇ ದಿನ ಬೆಳಿಗ್ಗೆ ಕೋಣೆ ಖಾಲಿ ಮಾಡಬೇಕು.

ಮದುಮಗಳು: ನಮ್ಮ ಲಲಿತ ಮಹಲಿಗೂ ಬೆಂಗಳೂರಿನವರು ಹಾಗೇ ಬರ್ತಾರಲ್ಲ.

1921ರಲ್ಲಿ ವೈಸ್‌ರಾಯರ ಬಿಡಾರಕ್ಕೆಂದು ಕಟ್ಟಿಸಿದ, 1974ರಿಂದ ಹೋಟೆಲಾಗಿರುವ ಆ ಅರಮನೆ ಲಷ್ಕರ್ ಮೊಹಲ್ಲಾದಿಂದ ಆಟೊ ಹಿಡಿದು ಹೋಗುವಷ್ಟು ದೂರ. ಬೇರೆ ಊರಿನವರು ಮದುವೆಗೆಂದು ಹುಡುಕಿಕೊಂಡು ಬರುವ ಮೈಸೂರಿನಿಂದ ಮೈಸೂರಿನವಳು ಮಡಿಕೇರಿ ದಾರಿ ಹಿಡಿಯುತ್ತಾಳೆ. ಅವಳಿಗೇ ಇದು ನಗೆ ತರಿಸಿತು.

ಸಣ್ಣ ಮದುವೆಯ ಬಗ್ಗೆ ಮಾತ್ರ ಅವಳು ಕದಲಲಿಲ್ಲ. 2020ರ ಕೊರೊನಾ ಕಾಲದಲ್ಲಿ ಸರ್ಕಾರ ಮದುವೆಗೆ 50 ಜನರ ಮಿತಿ ಹಾಕಿದಾಗ ಮನೆಯಂಗಳದಲ್ಲಿ, ತಾರಸಿಯಲ್ಲಿ ಧಾರೆ ಎರೆದ ಎಷ್ಟೋ ಮದುವೆಗಳು ಸೊಗಸಾಗಿಯೇ ನಡೆದವು. ಧಾರೆಯ ಹೊತ್ತಿಗೆ ವಾಲಗದವರ ಬೆನ್ನ ಬದಲು ಹೆಣ್ಣುಗಂಡಿನ ಮುಖ ಕಂಡಿತು. ಮಾವನೂ ಇದನ್ನು ಅಲ್ಲಗಳೆಯಲಿಲ್ಲ. ದಾರಿ ಅವನಿಗೆ ಸಿಕ್ಕಿದ್ದು ನೆರೆಮನೆಗಳಲ್ಲಿ. ನಿಕಾಹ್ ಚಿಕ್ಕದಾಗಿ ಮುಗಿಸಿ ವಲೀಮಾವನ್ನು ಬೇರೆ ದಿನ ಬಡಿಸುವುದನ್ನು ಮೊಹಲ್ಲಾದವರು ನೋಡುತ್ತಲೇ ಬಂದಿದ್ದಾರೆ. ಒಕ್ಕಲು ಮನೆಗಳಲ್ಲೂ ಧಾರೆಯ ದಿನ ಪಾಯಸದೂಟ, ಬೀಗರ ಊಟಕ್ಕೆ ಇನ್ನೊಂದು ದಿನ, ಅಂದು ಬಾಡು. ವಿಧಿ ಮತ್ತು ಊಟ ಒಂದೇ ಗಂಟೆಯಲ್ಲಿ, ಒಂದೇ ಸೂರಿನಡಿ ಮುಗಿಯಬೇಕೆಂಬ ಹಟ ಛತ್ರದ ಬಾಡಿಗೆಯಿಂದ ಬಂದದ್ದು, ಶಾಸ್ತ್ರದಿಂದಲ್ಲ.

ಮಾವ: ಧಾರೆಗೆ 50 ಜನ, ಈ ಊರಲ್ಲೇ. ಹದಿನೈದು ದಿನ ಬಿಟ್ಟು ಬೀದಿಗೆಲ್ಲ ಊಟ. ಆರತಕ್ಷತೆ ಸಿಂಹಾಸನ, ಸಾಲು ಏನೂ ಬೇಡ. ನೀನೂ ಅಳಿಯನೂ ಪಂಕ್ತಿಯಲ್ಲಿ ಬಡಿಸಿ.

ಮದುಮಗಳು: ಊಟ ಒಪ್ಪಿದೆ. ಧಾರೆ ಎಲ್ಲಿ ಅನ್ನೋದು ಇನ್ನೂ ಒಪ್ಪಿಲ್ಲ.

ಮಾವ: ಪಟ್ಟಿ?

ಮದುಮಗಳು: ಮುಯ್ಯಿ ಪುಸ್ತಕ ತನ್ನಿ. ಅದರಲ್ಲಿರೋರು ಎಷ್ಟು ಜನ ಇನ್ನೂ ಈ ಮೊಹಲ್ಲಾದಲ್ಲಿದ್ದಾರೆ ನೋಡೋಣ.

ಮಾವ ಅಟ್ಟದ ಏಣಿ ತರಲು ಎದ್ದ.